ಎಳೆಯುತ್ತಿದ್ದ ಹಾಡು: ಕ್ರಿಸ್ಮ ಬಲಿಪೂಜೆಯ ಗಾಯನ ಮಂಡಳಿ, ಒಂದು ಪ್ರಕರಣ ಅಧ್ಯಯನ

ಕಥೊಲಿಕ ಚರ್ಚಿನಲ್ಲಿ ಪವಿತ್ರ ತೈಲಗಳನ್ನು ಆಶೀರ್ವದಿಸುವ ಕ್ರಿಸ್ಮ ಬಲಿಪೂಜೆ, ಒಬ್ಬ ಬಿಷಪರ ಆಡಳಿತದ ಪ್ರದೇಶವಾದ ಒಂದು ಧರ್ಮಪ್ರಾಂತ್ಯಕ್ಕೆ ವರ್ಷಕ್ಕೊಮ್ಮೆ ಮಾತ್ರ ಬರುತ್ತದೆ. ಈಸ್ಟರ್ ಮುಂಚಿನ ಪವಿತ್ರ ಗುರುವಾರದ ಬೆಳಿಗ್ಗೆ ಅದರ ಮೂಲ ಸಮಯ. ದೂರದ ಊರುಗಳ ಪಾದ್ರಿಗಳೂ ಬರಬೇಕಾದ್ದರಿಂದ ಈಸ್ಟರ್‌ಗೆ ಹತ್ತಿರದ ಬೇರೊಂದು ದಿನಕ್ಕೆ ಇಟ್ಟುಕೊಳ್ಳಲೂ ಅವಕಾಶವಿದೆ. ಬಿಷಪರ ಸುತ್ತ ಧರ್ಮಪ್ರಾಂತ್ಯದ ಯಾಜಕರೆಲ್ಲ ಸೇರುವ ಪೂಜೆ ಇದು. ಹಾಡುವವರೂ ಒಂದೇ ಚರ್ಚಿನವರಲ್ಲ, ಹಲವು ಧರ್ಮಕೇಂದ್ರಗಳ ಕೊಯರ್‌ಗಳಿಂದ ಆಯ್ದವರು.

ಇಲ್ಲಿ ನೋಡುತ್ತಿರುವುದು ಮಂಗಳೂರು–ಉಡುಪಿ ಕರಾವಳಿಯ ಅಂಥ ಒಂದು ಮಂಡಳಿಯನ್ನು. ಒಂಬತ್ತು ಧರ್ಮಕೇಂದ್ರಗಳಿಂದ ಬಂದ ಸುಮಾರು 50 ಮಂದಿ. ಹೆಂಗಸರ ಮೇಲಿನ ದನಿ ಸೊಪ್ರಾನೊ, ಕೆಳಗಿನ ದನಿ ಆಲ್ಟೊ ಧಾರಾಳ, ಗಂಡಸರ ಕೆಳಗಿನ ದನಿ ಬಾಸ್ ಸಾಕಷ್ಟು, ಮೇಲಿನ ದನಿ ಟೆನರ್ ಮಾತ್ರ ಬೆರಳೆಣಿಕೆ. ಟೆನರ್ ಹಾಡುವ ವಯಸ್ಸಿನ ಹುಡುಗರು ಬೆಂಗಳೂರು, ಗಲ್ಫ್ ಎಂದು ಹೊರಟುಹೋಗಿರುವುದರಿಂದ ಇಲ್ಲಿನ ಎಲ್ಲ ಕೊಯರ್‌ಗಳ ಸ್ಥಿತಿಯೂ ಇದೇ. ಮಂಡಳಿ ಚೆನ್ನಾಗಿಯೇ ಹಾಡುತ್ತಿತ್ತು. ಆದರೆ ಹಿಂದಿನ ಸಲದ ಪೂಜೆಯ ಧ್ವನಿಮುದ್ರಣ ಬೇರೆಯೇ ಕಥೆ ಹೇಳಿತು. ಪ್ರವೇಶಗೀತೆ ನಿಮಿಷಕ್ಕೆ 72 ಬಡಿತದಲ್ಲಿ ಶುರುವಾಗಿ ಕೊನೆಯ ಚರಣದ ಹೊತ್ತಿಗೆ 60ರ ಕೆಳಗೆ ಇಳಿದಿತ್ತು. ವಾದ್ಯವಿಲ್ಲದೆ ಹಾಡಿದ ಮಹಿಮಾಗೀತೆ (ಗ್ಲೋರಿಯ) ಅರ್ಧ ಸ್ವರ ಕುಸಿದಿತ್ತು. ಕೊನೆಯ ಆಮೆನ್‌ಗೆ ಕೀಬೋರ್ಡ್ ಸೇರಿದಾಗ ಎರಡೂ ಡಿಕ್ಕಿ ಹೊಡೆದವು. ತೈಲಗಳ ಮೆರವಣಿಗೆಯ ಹಾಡು ಪೀಠದ ಬಳಿಯ ಘೋಷಣೆಗಳ ಮೇಲೆ ಹರಿದಿತ್ತು. ಎಲ್ಲಕ್ಕಿಂತ ಬೇಸರದ ಸಂಗತಿ ಎಂದರೆ, ಮುಂದಿನ ಸಾಲುಗಳಲ್ಲಿ ಕುಳಿತ ನೂರಕ್ಕೂ ಹೆಚ್ಚು ಯಾಜಕರ ದನಿ ಎರಡನೆಯ ಚರಣದ ನಂತರ ಕೇಳಿಸುತ್ತಲೇ ಇರಲಿಲ್ಲ.

ಅಭ್ಯಾಸ ಸಾಲದು ಎನ್ನುವುದೇ ಎಲ್ಲರ ಮೊದಲ ತೀರ್ಮಾನವಾಗಿತ್ತು. ಆ ತೀರ್ಮಾನ ತಪ್ಪು. ಅಭ್ಯಾಸ ನಡೆದ ಶಾಲೆಯ ಸಭಾಂಗಣದಲ್ಲಿ ಇದೇ ಮಂದಿ ಇದೇ ಹಾಡುಗಳನ್ನು ತಾಳ ಬೀಳದಂತೆ ಹಾಡಿದ್ದರು. ಕೆಟ್ಟದ್ದು ಚರ್ಚಿನೊಳಗೆ ಹೋದ ಮೇಲೆ.

ಮಾಳಿಗೆಯ ಲೆಕ್ಕ

ಮಂಡಳಿ ನಿಲ್ಲುತ್ತಿದ್ದುದು ಮುಖ್ಯದ್ವಾರದ ಮೇಲಿನ ಮಾಳಿಗೆಯಲ್ಲಿ. ಯಾಜಕರು ಕೂರುತ್ತಿದ್ದುದು ಪೀಠದ ಮುಂದಿನ ಬೆಂಚುಗಳಲ್ಲಿ. ನಡುವೆ ಸುಮಾರು 35 ಮೀಟರ್. ಏಪ್ರಿಲ್ ಸೆಕೆಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸರಿಸುಮಾರು 350 ಮೀಟರ್. ಅಂದರೆ ಮಾಳಿಗೆಯ ಸ್ವರ ಯಾಜಕರನ್ನು ಮುಟ್ಟುವಾಗ 0.1 ಸೆಕೆಂಡ್ ತಡ. ಅವರು ಅದಕ್ಕೆ ಸರಿಯಾಗಿ ಹಾಡಿದರೂ ಆ ಹಾಡು ಮಾಳಿಗೆಗೆ ಮರಳುವಾಗ ಮತ್ತೆ 0.1, ಒಟ್ಟು 0.2 ಸೆಕೆಂಡ್. 72ರ ಗತಿಯಲ್ಲಿ ಒಂದು ಬಡಿತಕ್ಕೆ 0.83 ಸೆಕೆಂಡ್. ಹಾಗಾಗಿ ಮೇಲಿದ್ದ ಕೀಬೋರ್ಡಿನವರ ಕಿವಿಗೆ ಕೆಳಗಿನವರು ಕಾಲು ಬಡಿತ ಹಿಂದೆ ಬಿದ್ದಂತೆಯೇ ಕೇಳುತ್ತದೆ.

ಇಂಥಲ್ಲಿ ಒಳ್ಳೆಯ ವಾದಕರೇ ಹೆಚ್ಚು ಸಿಕ್ಕಿಬೀಳುತ್ತಾರೆ. ಜನರ ದನಿಗೆ ಕಿವಿಗೊಟ್ಟು ನುಡಿಸಬೇಕು ಎಂದು ಕಲಿತವರು ಅವರು. ಕೆಳಗಿನವರು ಹಿಂದಿದ್ದಾರೆ ಅನ್ನಿಸಿದ ಕೂಡಲೇ ಒಂದಿಷ್ಟು ಕಾಯುತ್ತಾರೆ. ಕಾದದ್ದು ಕೆಳಗಿನವರಿಗೆ ಮತ್ತೆ ತಡವಾಗಿ ಕೇಳುತ್ತದೆ, ಅವರೂ ಕಾಯುತ್ತಾರೆ. ಪ್ರತಿ ಸಾಲಿನ ಕೊನೆಯ ಉಸಿರಿನಲ್ಲಿ ಈ ಕಾಯುವಿಕೆ ಒಂದು ಎಳೆ ಬೆಳೆಯುತ್ತದೆ. ಐದು ಚರಣ ಮುಗಿಯುವಾಗ ಹಾಡು ನೀರಿನೊಳಗೆ ನಡೆದಂತೆ ಭಾರವಾಗಿರುತ್ತದೆ.

ಇದಕ್ಕೆ ಮೊದಲು ಮಾಡಿದ ಪರಿಹಾರ ಕೀಬೋರ್ಡಿನ ರಿದಮ್ ಹಾಕುವುದಾಗಿತ್ತು. ಗತಿಯೇನೋ ಇಳಿಯದೆ ನಿಂತಿತು, ಆದರೆ ಯಾಜಕರು ಹಾಡುವುದನ್ನು ಬಿಟ್ಟರು. ರಿದಮ್ ಯಾರಿಗೂ ಕಾಯುವುದಿಲ್ಲ. ತನ್ನ ದನಿ ಪ್ರತಿ ಸಾಲಿಗೂ ಹಿಂದೆ ಬೀಳುತ್ತಿದೆ ಎಂದು ಅನ್ನಿಸಿದವರು ಸಹಜವಾಗಿ ಬಾಯಿ ಮುಚ್ಚುತ್ತಾರೆ. ಅಲ್ಲದೆ ಈಸ್ಟರ್ ಮುಂಚಿನ ತಪಸ್ಸುಕಾಲದಲ್ಲಿ ವಾದ್ಯ ಇರಬೇಕಾದ್ದು ಹಾಡಿಗೆ ಆಸರೆಯಾಗಿ ಮಾತ್ರ ಎಂದು ಪೂಜಾಗ್ರಂಥವಾದ ರೋಮನ್ ಮಿಸ್ಸಲ್‌ನ ಸಾಮಾನ್ಯ ಸೂಚನೆ ಹೇಳುತ್ತದೆ. ಕ್ರಿಸ್ಮ ಬಲಿಪೂಜೆಯಲ್ಲಿ ಹಬ್ಬದ ಬಿಳಿ ಉಡುಪು ತೊಟ್ಟರೂ ಅದು ಬೀಳುವುದು ತಪಸ್ಸುಕಾಲದೊಳಗೇ. ಡ್ರಮ್ ರಿದಮ್ ಮತ್ತು ಚರಣಗಳ ನಡುವಿನ ಉದ್ದುದ್ದ ವಾದ್ಯಭಾಗಗಳಿಗೆ ಅಲ್ಲಿ ಜಾಗವಿಲ್ಲ.

ಎರಡನೆಯ ತೊಡಕು ಧ್ವನಿವರ್ಧಕದ್ದು. ಮಾಳಿಗೆಯ ಮೈಕಿನ ದನಿ ತಂತಿಯಲ್ಲಿ ಬಂದು ಮುಂದಿನ ಸ್ಪೀಕರಿನಿಂದ ಆ ಕ್ಷಣವೇ ಹೊರಡುತ್ತದೆ, ಗಾಳಿಯಲ್ಲಿ ಬರುವ ದನಿ 0.1 ಸೆಕೆಂಡ್ ಬಿಟ್ಟು ತಲುಪುತ್ತದೆ. ಮುಂದೆ ಕೂತವರಿಗೆ ಪ್ರತಿ ಅಕ್ಷರವೂ ಎರಡೆರಡು ಸಲ. ಪದಗಳು ಕಲಸಿಹೋಗುವುದು ಇದರಿಂದ. ಕೊಯರ್‌ನ ಉಚ್ಚಾರ ಸರಿಯಿಲ್ಲ ಎಂಬ ದೂರು ಬಂದಾಗ ಮೊದಲು ನೋಡಬೇಕಾದ್ದು ಇದನ್ನು.

ಮಾಳಿಗೆ ಬಿಟ್ಟು ಇಳಿದದ್ದು

ಮಂಡಳಿಯನ್ನು ಕೆಳಗೆ, ಪೀಠದ ಎಡಬದಿಗೆ ತರುವುದು ಎಂದು ನಿರ್ಧಾರವಾಯಿತು. ವಿರೋಧವೂ ಬಂತು. ಮೇಲಿನಿಂದ ಇಳಿದುಬರುವ ಹಾಡಿಗೆ ಇರುವ ಘನತೆ ಪಕ್ಕದಲ್ಲಿ ನಿಂತವರ ಹಾಡಿಗೆ ಇಲ್ಲ ಎನ್ನುವುದು ಹಿರಿಯರ ಮಾತು. ಆ ಮಾತಿನಲ್ಲಿ ಸತ್ಯವಿದೆ, ನಾಲ್ಕು ದನಿಗಳ ಹಾಡು ಮಾಳಿಗೆಯಲ್ಲಿ ಹೆಚ್ಚು ಚೆನ್ನಾಗಿ ಬೆರೆಯುತ್ತದೆ. ಆದರೆ ಮಾಳಿಗೆಯೇ ಪರಂಪರೆ ಎಂದು ಪಟ್ಟುಹಿಡಿಯಲು ಕಾರಣವಿಲ್ಲ. 1903ರ ನವೆಂಬರ್ 22ರಂದು ಪೋಪ್ ಹತ್ತನೆಯ ಪಿಯುಸ್ ಹೊರಡಿಸಿದ ಪತ್ರ ಪೂಜೆಯ ಗಾಯನ ಮಂಡಳಿಯಲ್ಲಿ ಹೆಂಗಸರಿಗೆ ಜಾಗವನ್ನೇ ಕೊಟ್ಟಿರಲಿಲ್ಲ. ಮೇಲಿನ ದನಿಗಳಿಗೆ ಹುಡುಗರನ್ನೇ ಬಳಸಬೇಕಿತ್ತು, ಪಿಯಾನೊ ಕೂಡ ನಿಷಿದ್ಧವಾಗಿತ್ತು. 1955ರಲ್ಲಿ ಹನ್ನೆರಡನೆಯ ಪಿಯುಸ್ ಹೆಂಗಸರು ಹಾಡಬಹುದು ಎಂದರು. ಆಗಲೂ ಪೀಠದ ಸುತ್ತಲಿನ ಗರ್ಭಾಂಗಣದ ಹೊರಗೆ, ಗಂಡಸರಿಂದ ಪೂರ್ತಿ ಬೇರೆಯಾಗಿ ನಿಲ್ಲಬೇಕು ಎಂಬ ಷರತ್ತಿತ್ತು. ಪೀಠದಿಂದ ದೂರದ ಮಾಳಿಗೆ ಆ ಕಾಲದ ನಿಯಮಕ್ಕೆ ಹೊಂದುತ್ತಿತ್ತು. ಎರಡನೆಯ ವ್ಯಾಟಿಕನ್ ಮಹಾಸಭೆಯ ನಂತರ, ಪೂಜೆಯ ಸಂಗೀತದ ಕುರಿತ 1967ರ ಮಾರ್ಚ್ 5ರ ಮುಸಿಕಾಂ ಸಾಕ್ರಾಂ ಸೂಚನೆ ಸ್ಪಷ್ಟವಾಗಿ ಹೇಳುತ್ತದೆ: ಮಂಡಳಿಯೂ ಭಕ್ತರ ಸಭೆಯ ಭಾಗವೆಂದು ಕಾಣುವಂತೆ, ಅದರ ಪ್ರತಿಯೊಬ್ಬರೂ ಬಲಿಪೂಜೆಯಲ್ಲಿ ಪೂರ್ತಿ ಭಾಗವಹಿಸಲು ಸುಲಭವಾಗುವಂತೆ ಜಾಗ ಇರಬೇಕು. ಪವಿತ್ರ ರೊಟ್ಟಿಯಾದ ಪರಮಪ್ರಸಾದವನ್ನು ಸ್ವೀಕರಿಸಲೆಂದು ಕಡಿದಾದ ಮೆಟ್ಟಿಲು ಇಳಿದು ಹತ್ತುವ ಪಾಡು ಬಲ್ಲವರಿಗೆ ಈ ಸಾಲಿನ ಬೆಲೆ ಗೊತ್ತು.

ಹೊಸ ಜಾಗದಿಂದ ಯಾಜಕರ ಬೆಂಚಿಗೆ ಸುಮಾರು 10 ಮೀಟರ್, ತಡ 0.03 ಸೆಕೆಂಡ್. ಇಷ್ಟನ್ನು ಕಿವಿ ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ಕೊಯರ್ ಮಾಸ್ಟರ್ ತಿರುಗಿದರೆ ಯಾಜಕರಿಗೂ ಕೈ ಕಾಣುತ್ತದೆ. ಮೈಕುಗಳನ್ನು ಆರರಿಂದ ಎರಡಕ್ಕೆ ಇಳಿಸಿ, ಮಂಡಳಿಯ ಮುಂದೆ ಎರಡು ಮೀಟರ್ ದೂರದಲ್ಲಿ ಎತ್ತರಕ್ಕೆ ಇಡಲಾಯಿತು. ಒಬ್ಬೊಬ್ಬರ ಬಾಯಿಗೆ ಒಂದೊಂದು ಮೈಕ್ ಹಿಡಿದರೆ ಆ ಆರು ಮಂದಿಯ ದನಿಯೇ ಕೇಳುತ್ತದೆ, ಐವತ್ತು ಮಂದಿಯದ್ದಲ್ಲ. ಹಿಂದಿನ ಸ್ಪೀಕರುಗಳು ಮಂಡಳಿಯಿಂದ 25 ಮೀಟರ್ ದೂರದಲ್ಲಿದ್ದವು. ಅಲ್ಲಿಗೆ ಗಾಳಿಯ ದನಿ ತಲುಪಲು 0.07 ಸೆಕೆಂಡ್ ಬೇಕು. ಡಿಜಿಟಲ್ ಮಿಕ್ಸರಿನಲ್ಲಿ ಆ ಸ್ಪೀಕರುಗಳಿಗೆ 80 ಮಿಲಿಸೆಕೆಂಡ್ ತಡ ಕೊಟ್ಟಾಗ ದನಿ ಮಂಡಳಿ ಇರುವ ಕಡೆಯಿಂದಲೇ ಬಂದಂತೆ ಕೇಳತೊಡಗಿತು. ಸೌಂಡ್‌ನವರು ಇದನ್ನು ತಾವಾಗಿ ಮಾಡುವುದಿಲ್ಲ, ಅಂಕಿಯನ್ನು ಬರೆದೇ ಕೊಡಬೇಕು.

ಪಟ್ಟಿಯನ್ನು ತಲೆಕೆಳಗು ಮಾಡಿದ್ದು

ಇಲ್ಲಿನ ಕೊಯರ್‌ಗಳು ಹಾಡಿನ ಪಟ್ಟಿ ಮಾಡುವ ಕ್ರಮ ಒಂದೇ: ಪ್ರವೇಶ, ಕಾಣಿಕೆ, ಪರಮಪ್ರಸಾದ, ಕೊನೆಗೆ ಒಂದು. ಆಮೇಲೆ ಉಳಿದದ್ದು. ಮುಸಿಕಾಂ ಸಾಕ್ರಾಂ ಕೊಡುವ ಕ್ರಮ ಇದಕ್ಕೆ ತಿರುಗಾಮುರುಗ. ಮೊದಲ ಹಂತದಲ್ಲಿ ಯಾಜಕರ ಮತ್ತು ಜನರ ನಡುವಿನ ಸಂವಾದಗಳು, ಪೂಜೆಯ ಮಹಾಪ್ರಾರ್ಥನೆಯನ್ನು ಆರಂಭಿಸುವ ಸ್ತುತಿಯಾದ ಪ್ರಿಫೇಸ್ ಮತ್ತು ಅದಕ್ಕೆ ಅಂಟಿದ ‘ಪವಿತ್ರ, ಪವಿತ್ರ’, ಆ ಪ್ರಾರ್ಥನೆಯ ಕೊನೆಯ ಮಹಾ ಆಮೆನ್, ಪ್ರಭುವಿನ ಪ್ರಾರ್ಥನೆ ಬರುತ್ತವೆ. ಎರಡನೆಯದರಲ್ಲಿ ಕರುಣೆಯ ಕೋರಿಕೆ, ಮಹಿಮಾಗೀತೆ, ‘ದೇವರ ಕುರಿಮರಿ’. ಪ್ರವೇಶಗೀತೆ, ಪರಮಪ್ರಸಾದ ಗೀತೆ, ಕಾಣಿಕೆ ಗೀತೆಗಳೆಲ್ಲ ಮೂರನೆಯ ಹಂತದವು. ಎರಡನೆಯ, ಮೂರನೆಯ ಹಂತದ್ದನ್ನು ಹಾಡಬೇಕಾದರೆ ಮೊದಲನೆಯದನ್ನು ಹಾಡಿಯೇ ಇರಬೇಕು. ಇಡೀ ಪೂಜೆಯ ಹಾಡನ್ನು ಮಂಡಳಿಗೇ ಒಪ್ಪಿಸಿ ಜನರನ್ನು ಪೂರ್ತಿ ಹೊರಗಿಡುವುದು ಒಪ್ಪತಕ್ಕದ್ದಲ್ಲ ಎಂದೂ ಅದೇ ಸೂಚನೆ ಹೇಳುತ್ತದೆ.

ಈ ಕ್ರಮದಲ್ಲಿ ಪಟ್ಟಿ ಮಾಡಲು ಕೂತಾಗ ಎದ್ದುಕಂಡದ್ದು ಯಾಜಕರ ಸಮೂಹ. ಅಭ್ಯಾಸವಾದ ಕಂಠದ ನೂರು ಗಂಡಸರು, ಪ್ರತಿದಿನ ಪೂಜೆಯ ಪದಗಳನ್ನು ನುಡಿಯುವವರು. ಟೆನರ್ ಇಲ್ಲ ಎಂದು ಕೊರಗುವ ಮಂಡಳಿಯ ಕಣ್ಣೆದುರಿಗೇ ಇಷ್ಟು ದೊಡ್ಡ ಪುರುಷ ಮಂಡಳಿ ಕೂತಿದೆ, ಅವರಿಗೆ ಹಾಡಲು ಏನೂ ಕೊಟ್ಟಿಲ್ಲ! ನಾಲ್ಕು ದನಿಗಳ ‘ಪವಿತ್ರ, ಪವಿತ್ರ’ವನ್ನು ಕೈಬಿಟ್ಟು ಹಳೆಯ ಲತೀನ್ ಏಕದನಿ ಗಾಯನವಾದ ಗ್ರೆಗೋರಿಯನ್‌ನ ಹದಿನೆಂಟನೆಯ ಮಿಸ್ಸಾದ (ಪೂಜೆಯ ಹಾಡುಗಳ ಗುಚ್ಛದ) ಸರಳ ಧಾಟಿಯನ್ನು ತೆಗೆದುಕೊಳ್ಳಲಾಯಿತು. ಹಿರಿಯ ಪಾದ್ರಿಗಳಿಗೆ ಅದು ಬಾಯಿಪಾಠ. ಕಿರಿಯರು ಎರಡು ಸಲ ಕೇಳಿದರೆ ಹಾಡುತ್ತಾರೆ. ಆ ಧಾಟಿ ಪ್ರಿಫೇಸಿನ ಸ್ವರಗಳ ಮುಂದುವರಿಕೆಯಂತೆಯೇ ಇರುವುದರಿಂದ ಬಿಷಪರು ಮುಗಿಸಿದಲ್ಲಿಂದ ನೇರ ಎತ್ತಿಕೊಳ್ಳಬಹುದು.

ಅದಕ್ಕೆ ಶ್ರುತಿ ಹೊಂದಬೇಕು, ಎಡವುವುದೂ ಅಲ್ಲೇ. ಬಿಷಪರು ತಮಗೆ ಅನುಕೂಲವಾದ ಸ್ವರದಲ್ಲಿ ಪ್ರಿಫೇಸ್ ಹಾಡುತ್ತಾರೆ, ಮಂಡಳಿ ತನ್ನ ಪುಸ್ತಕದ ಸ್ಕೇಲಿನಲ್ಲಿ ಕೀಬೋರ್ಡ್ ಬಾರಿಸಿ ಶುರುಮಾಡುತ್ತದೆ. ನಡುವೆ ಒಂದು ಹಳ್ಳ ಬೀಳುತ್ತದೆ, ಯಾಜಕರು ಅದರೊಳಗೆ ಬೀಳುತ್ತಾರೆ. ಈ ಸಲ ಕೀಬೋರ್ಡಿನವರಿಗೆ ಕೊಟ್ಟ ಕೆಲಸ ಒಂದೇ: ಪ್ರಿಫೇಸ್ ನಡೆಯುವಾಗ ಹೆಡ್‌ಫೋನಿನಲ್ಲಿ ಬಿಷಪರ ಮುಖ್ಯ ಸ್ವರವನ್ನು ಹುಡುಕುವುದು, ಟ್ರಾನ್ಸ್‌ಪೋಸ್ ಬಟನ್ ಒತ್ತಿ ವಾದ್ಯದ ಶ್ರುತಿಯನ್ನು ಅದಕ್ಕೆ ಹೊಂದಿಸಿಟ್ಟುಕೊಳ್ಳುವುದು. ಪ್ರಿಫೇಸ್ ಮುಗಿದ ಮೇಲೆ ವಾದ್ಯದ ಮುನ್ನುಡಿ ಬೇಡ. ಹಾಡು ಎತ್ತಿಕೊಂಡ ಮೇಲೆ ಮೆಲ್ಲನೆ ಆಸರೆ ಕೊಟ್ಟರೆ ಸಾಕು. ಟ್ರಾನ್ಸ್‌ಪೋಸನ್ನು ಮತ್ತೆ ಸೊನ್ನೆಗೆ ತರುವುದನ್ನು ಮರೆತರೆ ಮುಂದಿನ ಹಾಡು ಕೆಡುತ್ತದೆ. ಅದಕ್ಕೆ ಪುಸ್ತಕದ ಆ ಪುಟದಲ್ಲೇ ಕೆಂಪು ಶಾಯಿಯಲ್ಲಿ ಬರೆದಿಡಬೇಕು.

ಮಹಿಮಾಗೀತೆಯ ಕುಸಿತಕ್ಕೆ ಎರಡು ಕಾರಣ ಸಿಕ್ಕವು. ಒಂದು ಫ್ಯಾನು. ಗೋಡೆಯ ದೊಡ್ಡ ಫ್ಯಾನುಗಳ ಸದ್ದಿನಲ್ಲಿ ಆಲ್ಟೊಗಳಿಗೆ ಬಾಸ್ ಕೇಳುತ್ತಿರಲಿಲ್ಲ, ಬಾಸ್ ಕೇಳದಿದ್ದರೆ ಮಧ್ಯದ ದನಿ ಮೊದಲು ಜಾರುತ್ತದೆ. ಬಾಸ್‌ನವರನ್ನು ಹಿಂದಿನ ಮೂಲೆಯಿಂದ ತೆಗೆದು ನಡುವೆ ನಿಲ್ಲಿಸಲಾಯಿತು. ಇನ್ನೊಂದು, ಹಾಡಿನ ಭಾಷೆಯಾದ ಕೊಂಕಣಿಯ ಅನುನಾಸಿಕ. ‘ತುಜೆಂ’ನಂಥ ಪದವನ್ನು ಕನ್ನಡ ಲಿಪಿಯಲ್ಲಿ ಓದುವಾಗ ಕೊನೆಯ ಸೊನ್ನೆಯನ್ನು ಕೆಲವರು ತುಟಿ ಮುಚ್ಚಿ ‘ಮ್’ ಎಂದು ಮುಗಿಸುತ್ತಾರೆ, ಕೆಲವರು ಸ್ವರವನ್ನೇ ಮೂಗಿನಲ್ಲಿ ಹಾಡುತ್ತಾರೆ. ಉದ್ದನೆಯ ಸ್ವರದಲ್ಲಿ ಅರ್ಧ ಮಂಡಳಿಯ ಬಾಯಿ ಮುಚ್ಚಿದರೆ ದನಿಯೂ ಶ್ರುತಿಯೂ ಒಟ್ಟಿಗೇ ಇಳಿಯುತ್ತವೆ. ಒಂಬತ್ತು ಊರುಗಳ ಒಂಬತ್ತು ರೂಢಿಗಳನ್ನು ಒಂದಕ್ಕೆ ತರಬೇಕಾಯಿತು. ಬಾಯಿ ತೆರೆದೇ ಇರಲಿ, ನಾಸಿಕ್ಯವನ್ನು ಕೊನೆಯ ಅರ್ಧ ಬಡಿತದಲ್ಲಿ ಮಾತ್ರ ತನ್ನಿ ಎಂದು ಕಲಿಸಿದ ಮೇಲೆ ಅದೇ ಜನ, ಅದೇ ಸ್ಕೇಲು, ಶ್ರುತಿ ಹೆಚ್ಚುಕಡಿಮೆ ನಿಂತಿತು.

ಎತ್ತರದ ವಿಚಾರ. ಬೆಳಿಗ್ಗೆ ಹೊತ್ತು ಯಾಜಕರೂ ಜನರೂ ಹಾಡಬೇಕಾದ ಯಾವ ಹಾಡೂ ಮೇಲಿನ ಡಿ ಸ್ವರವನ್ನು ದಾಟಬಾರದು. ಸೊಪ್ರಾನೊಗೆ ಚಂದ ಎಂದು ಎಫ್‌ವರೆಗೆ ಏರುವ ಸ್ಕೇಲ್ ಇಟ್ಟರೆ ಹಾಡು ಮಂಡಳಿಗೆ ಮಾತ್ರ ಉಳಿಯುತ್ತದೆ. ಹಾಗಾಗಿ ಪ್ರವೇಶಗೀತೆಯನ್ನು ಎಫ್‌ನಿಂದ ಡಿಗೆ ಇಳಿಸಲಾಯಿತು.

ಕ್ರಿಸ್ಮ ಪೂಜೆಯಲ್ಲಿ ಮಾತ್ರ ಬರುವ ತಪ್ಪುಗಳು

ಈ ಸಲದ ಮೊದಲ ಕರಡು ಪಟ್ಟಿಯಲ್ಲಿ ಮಹಿಮಾಗೀತೆ ಇರಲಿಲ್ಲ, ಅಲ್ಲೆಲೂಯ ಇತ್ತು. ಆಗಬೇಕಾದ್ದು ಇದರ ವಿರುದ್ಧ. ತಪಸ್ಸುಕಾಲವಾದರೂ ಕ್ರಿಸ್ಮ ಪೂಜೆಯಲ್ಲಿ ಮಹಿಮಾಗೀತೆ ಹಾಡಬೇಕು. ಸುವಾರ್ತೆಯ ಮುನ್ನ ಅಲ್ಲೆಲೂಯ ಇಲ್ಲ. ಅದರ ಬದಲು ತಪಸ್ಸುಕಾಲದ ಘೋಷ, ಜೊತೆಗೆ ಯೆಶಾಯ 61ರ ‘ಪ್ರಭುವಿನ ಆತ್ಮ ನನ್ನ ಮೇಲಿದೆ’ ಎಂಬ ವಾಕ್ಯ. ಮೊದಲ ವಾಚನ ಅದೇ 61ನೆಯ ಅಧ್ಯಾಯದ್ದು, ಲೂಕ 4ರಲ್ಲಿ ಯೇಸು ನಜರೇತಿನಲ್ಲಿ ಓದುವುದೂ ಅದನ್ನೇ. ನಡುವಿನ ಕೀರ್ತನೆ 89. ಇವೆಲ್ಲ ಅಭಿಷೇಕದ ಒಂದೇ ಎಳೆಯಲ್ಲಿ ಕೂಡಿಬಂದಿರುವಾಗ ಕೀರ್ತನೆಯ ಜಾಗದಲ್ಲಿ ಯಾವುದೋ ಸ್ತುತಿಗೀತೆ ಹಾಡುವುದು ಎಳೆಯನ್ನೇ ಕಡಿದಂತೆ. ಕೀರ್ತನೆಯನ್ನು ಒಬ್ಬರೇ ವಾಚನಪೀಠದಿಂದ ಹಾಡಿದರು, ಪಲ್ಲವಿ ಎಲ್ಲರದು.

ಪವಿತ್ರವಾರ ಎಂದಾಕ್ಷಣ ಕ್ರಿಸ್ತನ ಯಾತನೆಯ ಹಾಡುಗಳಿಗೆ ಕೈ ಹೋಗುವುದೂ ಸಹಜ. ಹದಿನೆಂಟನೆಯ ಶತಮಾನದಲ್ಲಿ ಗೋವಾದ ಪಾದ್ರಿ ಜೊವಾಕಿಂ ದೆ ಮಿರಾಂದಾ ರಚಿಸಿದ ಕೊಂಕಣಿ ಗೀತೆ ‘ರಿಗ್ಲೊ ಜೆಜು ಮೊಳ್ಯಾಂತ್’ ಕೇಳಿದರೆ ಇಲ್ಲಿನ ಕಥೊಲಿಕರ ಎದೆ ಕರಗುತ್ತದೆ. ಅದರ ಜಾಗ ತಪಸ್ಸುಕಾಲದ ಭಕ್ತಿ, ಪವಿತ್ರ ಶುಕ್ರವಾರ. ಬಿಳಿ ಉಡುಪಿನ ಈ ಪೂಜೆಯ ಪರಮಪ್ರಸಾದದ ಹೊತ್ತಿಗೆ ಅದು ಹೊಂದುವುದಿಲ್ಲ.

ಈ ಪೂಜೆಯದ್ದೇ ಆದ ಹಾಡು ‘ಓ ರೆದೆಂಪ್ತೊರ್’. ತೈಲಗಳು ಪೀಠದತ್ತ ಬರುವಾಗ ಹಾಡುವ ಲತೀನ್ ಗೀತೆ, ಪಲ್ಲವಿ ಮತ್ತೆ ಮತ್ತೆ ಬರುತ್ತದೆ. ಹಿಂದಿನ ಸಲ ಇದನ್ನು ಇಡಿಯಾಗಿ ಹಾಡಲು ಹೊರಟದ್ದೇ ಎಡವಟ್ಟು. ಮೆರವಣಿಗೆಯಲ್ಲಿ ಮೊದಲು ಕ್ರಿಸ್ಮಕ್ಕೆ ಬೆರೆಸುವ ಪರಿಮಳದ ಬಾಲ್ಸಮ್, ಆಮೇಲೆ ಜ್ಞಾನಸ್ನಾನಕ್ಕೆ ಸಿದ್ಧರಾಗುವ ದೀಕ್ಷಾರ್ಥಿಗಳ ತೈಲ, ಅಸ್ವಸ್ಥರ ತೈಲ, ಕ್ರಿಸ್ಮದ ತೈಲ, ಕೊನೆಗೆ ರೊಟ್ಟಿ ಮತ್ತು ದ್ರಾಕ್ಷಾರಸ. ತೈಲವನ್ನು ಬಿಷಪರಿಗೆ ತೋರಿಸುವಾಗ ಅದು ಯಾವುದೆಂದು ಗಟ್ಟಿಯಾಗಿ ಸಾರಬೇಕು. ಹಾಡು ನಿಲ್ಲದಿದ್ದರೆ ಆ ಮಾತು ಮುಳುಗುತ್ತದೆ, ಹಾಗೆ ಮುಳುಗಿದ್ದೂ ಹೌದು.

ಈ ಸಲ ಖಾಲಿ ಚರ್ಚಿನಲ್ಲಿ ನಡೆದೇ ಅಳೆಯಲಾಯಿತು. ಭಾರದ ಪಾತ್ರೆ ಹೊತ್ತವರು ಮಧ್ಯದ ದಾರಿಯ 35 ಮೀಟರನ್ನು ನಡೆಯಲು ಒಂದು ನಿಮಿಷ ಬೇಕು. ಸಾಲು ಪೂರ್ತಿ ಹೊರಡುವಷ್ಟರಲ್ಲಿ ಇನ್ನೊಂದು ಅರ್ಧ ನಿಮಿಷ. ಪಲ್ಲವಿಗೆ 20 ಸೆಕೆಂಡ್, ಚರಣಕ್ಕೆ 25 ಸೆಕೆಂಡ್ ಆದರೆ ಎರಡು ಚರಣ ಮತ್ತು ಮೂರು ಪಲ್ಲವಿ ಸಾಕು. ಕೊನೆಯ ಪಾತ್ರೆ ಮೆಟ್ಟಿಲು ಮುಟ್ಟಿದಾಗ ಮಂಡಳಿ ಯಾವ ಸಾಲಿನಲ್ಲಿದ್ದರೂ ಸಮೀಪದ ಪಲ್ಲವಿಗೆ ಹೋಗಿ ನಿಲ್ಲಿಸುತ್ತದೆ, ಘೋಷಣೆಗಳೆಲ್ಲ ನಿಶ್ಶಬ್ದದಲ್ಲಿ ನಡೆಯುತ್ತವೆ. ಕೈಸನ್ನೆ ಕೊಡಲು ಒಬ್ಬರು ಪೀಠದ ಕಡೆ ಮುಖ ಮಾಡಿ ನಿಂತಿದ್ದರು.

ತೈಲಗಳ ಆಶೀರ್ವಾದ ಯಾವಾಗ ಎಂಬುದನ್ನೂ ಮೊದಲೇ ಕೇಳಿಕೊಳ್ಳಬೇಕು. ಅಸ್ವಸ್ಥರ ತೈಲವನ್ನು ಪರಮಪ್ರಸಾದದ ಮಹಾಪ್ರಾರ್ಥನೆಯ ಕೊನೆಯಲ್ಲಿ, ಉಳಿದೆರಡನ್ನು ಪರಮಪ್ರಸಾದದ ನಂತರ ಆಶೀರ್ವದಿಸುವುದು ಒಂದು ಕ್ರಮ. ಮೂರನ್ನೂ ವಾಚನಗಳ ವಿಧಿ ಮುಗಿದ ಕೂಡಲೇ ಆಶೀರ್ವದಿಸುವುದು ಇನ್ನೊಂದು. ಎರಡರಲ್ಲಿ ಹಾಡುಗಳ ಜಾಗ ಬೇರೆ ಬೇರೆ. ಯಾವ ಕ್ರಮವೇ ಇರಲಿ, ಬಿಷಪರು ಕ್ರಿಸ್ಮದ ಮೇಲೆ ಉಸಿರೂದುವಾಗ, ಯಾಜಕರೆಲ್ಲ ಬಲಗೈ ಚಾಚಿದಾಗ ಕೀಬೋರ್ಡಿನಲ್ಲಿ ಒಂದು ಸ್ವರವೂ ಬೇಡ. ಹಿನ್ನೆಲೆ ಸಂಗೀತ ಇದ್ದರೆ ಭಕ್ತಿ ಹೆಚ್ಚುತ್ತದೆ ಎಂಬ ನಂಬಿಕೆ ಇಲ್ಲಿ ಪ್ರಾರ್ಥನೆಗೇ ಅಡ್ಡ.

ಯಾಜಕರಿಗೆ ಕಲಿಸಿದ್ದು

ನೂರು ಪಾದ್ರಿಗಳನ್ನು ಅಭ್ಯಾಸಕ್ಕೆ ಕರೆಯುವುದು ಆಗುವ ಮಾತಲ್ಲ. ಎರಡು ನಿಮಿಷದ ಒಂದು ಆಡಿಯೊ ಹತ್ತು ದಿನ ಮುಂಚೆ ಅವರ ವಾಟ್ಸಾಪ್‌ಗೆ ಹೋಯಿತು. ಅದರಲ್ಲಿ ಒಬ್ಬ ಗಂಡಸಿನ ದನಿ ಮಾತ್ರ, ವಾದ್ಯವಿಲ್ಲ, ‘ಪವಿತ್ರ, ಪವಿತ್ರ’ ಮತ್ತು ಮಹಾ ಆಮೆನ್ ಅಷ್ಟೇ. ಇಡೀ ಪೂಜೆಯ ಹಾಡುಗಳನ್ನು ಕಳಿಸಿದರೆ ಯಾರೂ ಕೇಳುವುದಿಲ್ಲ. ದಿನದಂದು ಮೆರವಣಿಗೆಗೆ ಸಾಲು ಕಟ್ಟುವ ಮುನ್ನ ಎಂಟು ನಿಮಿಷದ ಅಭ್ಯಾಸ. ಅದನ್ನು ನಡೆಸಿದ್ದು ಕೊಯರ್ ಮಾಸ್ಟರ್ ಅಲ್ಲ, ಅವರಲ್ಲೇ ಒಬ್ಬ ಯಾಜಕರು. ಚೆನ್ನಾಗಿ ಹಾಡಬಲ್ಲ ನಾಲ್ವರನ್ನು ಬೇರೆ ಬೇರೆ ಸಾಲುಗಳಲ್ಲಿ ಕೂರಿಸಿದ್ದು ಈ ಇಡೀ ಪ್ರಯತ್ನದ ಅತಿ ಅಗ್ಗದ, ಅತಿ ಫಲಕೊಟ್ಟ ಉಪಾಯ. ಪಕ್ಕದವರು ಹಾಡಿದರೆ ಯಾರೂ ಸುಮ್ಮನೆ ಕೂರುವುದಿಲ್ಲ.

ಫಲಿತಾಂಶ

‘ಪವಿತ್ರ, ಪವಿತ್ರ’ವನ್ನು ಯಾಜಕರು ಎತ್ತಿಕೊಂಡ ರೀತಿಗೆ ಮಂಡಳಿಯೇ ಒಂದು ಕ್ಷಣ ಬೆರಗಾಗಿ ದನಿ ತಗ್ಗಿಸಿತು, ತಗ್ಗಿಸಿದ್ದು ಸರಿಯೂ ಆಯಿತು. ಮಹಿಮಾಗೀತೆ ಕೊನೆಯಲ್ಲಿ ಕೀಬೋರ್ಡಿಗಿಂತ ಕೂದಲೆಳೆಯಷ್ಟು ಕೆಳಗಿತ್ತು, ಕೇಳುಗರಿಗೆ ತಿಳಿಯುವಷ್ಟಲ್ಲ. ಪರಮಪ್ರಸಾದಕ್ಕೆ ಹತ್ತು ಕಡೆ ವಿತರಣೆ ಇದ್ದುದರಿಂದ ಎಂಟು ನಿಮಿಷದಲ್ಲಿ ಮುಗಿಯಿತು. ತಂದಿದ್ದ ಮೂರರಲ್ಲಿ ಒಂದು ಹಾಡನ್ನು ಬಿಟ್ಟು ಮೌನಕ್ಕೆ ಜಾಗ ಕೊಡಲಾಯಿತು.

ಪ್ರವೇಶಗೀತೆ ಮಾತ್ರ ಈ ಸಲವೂ ಎಳೆಯಿತು. ಯಾಜಕರು ಹೊರಗಿನ ಅಂಗಳದಿಂದ ಸಾಲಾಗಿ ಬರುತ್ತಾರೆ. ಬಾಗಿಲಿನಲ್ಲಿರುವವರಿಗೂ ಮಂಡಳಿಗೂ ಮತ್ತೆ ಅದೇ 35 ಮೀಟರ್ ಅಂತರ, ಅಂಗಳದಲ್ಲಿರುವವರಿಗೆ ಇನ್ನೂ ಹೆಚ್ಚು. ಹೊರಗಿನ ಸ್ಪೀಕರುಗಳ ದನಿ ಕೇಳಿ ಅವರು ಹಾಡುವುದು ಒಳಗಿನವರಿಗೆ ತಡವಾಗಿ ಕೇಳುತ್ತದೆ. ಮುಂದಿನ ವರ್ಷಕ್ಕೆ ಮಂಡಳಿ ಯೋಚಿಸಿರುವುದು ಹೀಗೆ: ಮೆರವಣಿಗೆ ಬಾಗಿಲು ದಾಟುವವರೆಗೆ ಚರಣಗಳನ್ನು ಮಂಡಳಿಯೇ ಹಾಡುವುದು, ಯಾಜಕರಿಗೆ ಪಲ್ಲವಿ ಮಾತ್ರ ಕೊಡುವುದು, ಅರ್ಧದಷ್ಟು ಮಂದಿ ಬೆಂಚು ತಲುಪಿದ ಮೇಲೆ ಚರಣಗಳಿಗೂ ಅವರನ್ನು ಸೇರಿಸುವುದು. ಇನ್ನೊಂದು ಬಾಕಿ ವಿಚಾರ ನೇರಪ್ರಸಾರದ್ದು. ಮಿಕ್ಸರಿಗೆ ಹೋಗುವುದು ಮಂಡಳಿಯ ಎರಡು ಮೈಕುಗಳ ದನಿ ಮಾತ್ರ. ಚರ್ಚು ತುಂಬಿ ಹಾಡಿದ್ದರೂ ಫೋನಿನಲ್ಲಿ ನೋಡಿದ ಮನೆಮಂದಿಗೆ ಯಾಜಕರ ದನಿ ಕೇಳಿಸಲೇ ಇಲ್ಲ. ಬೆಂಚುಗಳ ಮೇಲೆ ಎತ್ತರದಲ್ಲಿ ಒಂದು ಜೋಡಿ ಮೈಕ್ ತೂಗಿಸಿ, ಅವುಗಳನ್ನು ಚರ್ಚಿನ ಸ್ಪೀಕರಿಗೆ ಕೊಡದೆ ಪ್ರಸಾರಕ್ಕೆ ಮಾತ್ರ ಕೊಡಬೇಕು ಎಂದು ಸೌಂಡ್‌ನವರಿಗೆ ಬರೆದುಕೊಟ್ಟಾಗಿದೆ.